ಕಷ್ಟಪಟ್ಟರೆ ಯಾರು ಬೇಕಾದರೂ ಆಗಬಹುದೇ?

ಕಳೆದ ತಿಂಗಳು ನಮ್ಮೂರ ಶಾಲೆಯ ಮೈದಾನದಲ್ಲಿ ನನ್ನ ಗೆಳೆಯನಿಗೆ ಸನ್ಮಾನ ನಡೆಯಿತು. ಧಾರವಾಡದ ಸಪ್ತಾಪುರದಲ್ಲಿ ಮೂರು ವರ್ಷ ಒಂದೇ ರೂಮಿನಲ್ಲಿದ್ದು, ಒಂದೇ ಸ್ಟೌವ್ ಮೇಲೆ ಅನ್ನ ಮಾಡಿಕೊಂಡು, ಒಂದೇ ನೋಟ್ಸ್ ಓದಿ, ಒಂದೇ ದಿನ ಒಂದೇ ಪರೀಕ್ಷೆ ಬರೆದವರು ನಾವು. ಅಂತಿಮ ಆಯ್ಕೆ ಪಟ್ಟಿಯಲ್ಲಿ ಅವನ ನೋಂದಣಿ ಸಂಖ್ಯೆ ಇತ್ತು, ನನ್ನದು ಇರಲಿಲ್ಲ. ನನ್ನ ವರ್ಗದ ಕಟ್ ಆಫ್‌ಗೂ ನನಗೂ ಇದ್ದ ಅಂತರ ಒಂದೂಕಾಲು ಅಂಕ. ನೆಗೆಟಿವ್ ಮಾರ್ಕಿಂಗ್ ಇರುವ ಪರೀಕ್ಷೆ ಬರೆದವರಿಗೆ ಈ ಲೆಕ್ಕ ಥಟ್ಟನೆ ತಿಳಿಯುತ್ತದೆ. ತಪ್ಪಾದರೆ ಕಾಲು ಅಂಕ ಹೋಗುತ್ತದೆ, ಸರಿಯಾದರೆ ಒಂದು ಬರುತ್ತದೆ. ಅಂದರೆ ಒಂದೇ ಒಂದು ಪ್ರಶ್ನೆ. ಯಾವ ಪ್ರಶ್ನೆ ಎಂಬುದೂ ನನಗೆ ಗೊತ್ತು. ಮೊದಲು ಹೊಳೆದ ಉತ್ತರ ಬಿಟ್ಟು ಕೊನೆಯ ನಿಮಿಷದಲ್ಲಿ ಬೇರೆಯದಕ್ಕೆ ಕಪ್ಪು ತುಂಬಿದ್ದೆ.

ಗೆಳೆಯನಿಗೆ ಶಾಲು ಹೊದಿಸಿದರು, ಹಣ್ಣಿನ ಬುಟ್ಟಿ ಕೊಟ್ಟರು. ಮೈಕ್ ಮುಂದೆ ನಿಂತು ಅವನು ಹೇಳಿದ: 'ನಾನೂ ನಿಮ್ಮಂಥವನೇ. ಬಡವರ ಮನೆಯವನೇ. ಕಷ್ಟಪಟ್ಟರೆ ಯಾರು ಬೇಕಾದರೂ ಆಗಬಹುದು.' ಚಪ್ಪಾಳೆ ಬಿತ್ತು. ನನ್ನ ಪಕ್ಕದಲ್ಲಿ ಕುಳಿತಿದ್ದ ಅವ್ವ ನನ್ನ ಕಡೆ ತಿರುಗಿ ನೋಡಲಿಲ್ಲ. ನೋಡಿದ್ದರೇ ಚೆನ್ನಾಗಿತ್ತು ಅನ್ನಿಸಿತು.

ಅವನು ನನ್ನನ್ನು ಚುಚ್ಚಲು ಆ ಮಾತು ಹೇಳಲಿಲ್ಲ, ಅದು ನನಗೆ ಗೊತ್ತು. ಅವನ ಜಾಗದಲ್ಲಿ ನಾನಿದ್ದರೂ ಅದನ್ನೇ ಹೇಳುತ್ತಿದ್ದೆ. ಅಷ್ಟೇಕೆ, ಯೂಟ್ಯೂಬ್‌ನಲ್ಲಿ ಟಾಪರ್‌ಗಳ ಇಂಥ ಭಾಷಣಗಳನ್ನು ರಾತ್ರಿ ಹನ್ನೊಂದಕ್ಕೆ ಕೇಳಿ ಹುರುಪುಗೊಂಡು, ಮತ್ತೆರಡು ಗಂಟೆ ಓದಿದ ರಾತ್ರಿಗಳು ನನ್ನ ಲೆಕ್ಕದಲ್ಲೂ ಇವೆ. ಆದರೆ ಅಂದು ಸಭೆಯಲ್ಲಿ ಕುಳಿತಾಗ ಆ ವಾಕ್ಯದ ಇನ್ನೊಂದು ಮಗ್ಗುಲು ಮೊದಲ ಸಲ ಕಂಡಿತು. ಕಷ್ಟಪಟ್ಟವರು ಯಾರು ಬೇಕಾದರೂ ಆಗಬಹುದು ಎಂದಾದರೆ, ಆಗದೆ ಉಳಿದವರು ಕಷ್ಟಪಡಲಿಲ್ಲ ಎಂದಾಯಿತಲ್ಲ? ಗೆಳೆಯ ಹೇಳದಿದ್ದರೂ ಈ ಅರ್ಧ ವಾಕ್ಯ ಮೈದಾನದಲ್ಲಿದ್ದ ಎಲ್ಲರಿಗೂ ಕೇಳಿಸಿತ್ತು. ನಮ್ಮವ್ವನಿಗೂ.

ನಾನು ಎಂ.ಎ. ಓದಿದ್ದು ರಾಜ್ಯಶಾಸ್ತ್ರ. ಆಗ ಜಾನ್ ರಾಲ್ಸ್ ಅಂದರೆ ನನಗೆ ಐದು ಅಂಕದ ಟಿಪ್ಪಣಿ. 1971, 'ಎ ಥಿಯರಿ ಆಫ್ ಜಸ್ಟಿಸ್', ಅಜ್ಞಾನದ ಮುಸುಕು, ಎರಡು ತತ್ವಗಳು, ಮುಗಿಯಿತು. ಸನ್ಮಾನ ಮುಗಿಸಿ ಮನೆಗೆ ಬಂದ ರಾತ್ರಿ ಹಳೆಯ ಟ್ರಂಕಿನಿಂದ ಆ ನೋಟ್ಸ್ ತೆಗೆದೆ. ನಿದ್ದೆ ಬರಲಿಲ್ಲ, ಓದಲು ಬೇರೇನೂ ಇರಲಿಲ್ಲ ಎಂಬುದೇ ನಿಜವಾದ ಕಾರಣ. ಅಂಕಕ್ಕಾಗಿ ಓದಿದ್ದನ್ನು ಅಂಕ ಕಳೆದುಕೊಂಡ ಮೇಲೆ ಓದಿದರೆ ಅದು ಬೇರೆಯೇ ಪುಸ್ತಕ.

ಬ್ರಿಟನ್ನಿನ ಮೈಕೆಲ್ ಯಂಗ್ ಎಂಬ ಸಮಾಜಶಾಸ್ತ್ರಜ್ಞ 1958ರಲ್ಲಿ 'ದಿ ರೈಸ್ ಆಫ್ ದಿ ಮೆರಿಟಾಕ್ರಸಿ' ಎಂಬ ಪುಸ್ತಕ ಬರೆದರು. ಇಂದು ಎಲ್ಲರ ಬಾಯಲ್ಲಿರುವ 'ಮೆರಿಟಾಕ್ರಸಿ' ಪದ ಚಲಾವಣೆಗೆ ಬಂದದ್ದು ಈ ಪುಸ್ತಕದಿಂದ. ತಮಾಷೆಯೆಂದರೆ ಅದು ಪ್ರತಿಭೆಯ ಆಳ್ವಿಕೆಯನ್ನು ಹೊಗಳಲು ಬರೆದ ಪುಸ್ತಕವೇ ಅಲ್ಲ, ವಿಡಂಬನೆ. 2030ರ ದಶಕದ ಬ್ರಿಟನ್ನಿನಲ್ಲಿ ಕುಳಿತ ಒಬ್ಬ ಸಂಶೋಧಕ ಬರೆದ ಪ್ರಬಂಧದ ರೂಪದಲ್ಲಿದೆ. ಬುದ್ಧಿಮತ್ತೆಗೆ ಶ್ರಮವನ್ನು ಕೂಡಿದರೆ ಪ್ರತಿಭೆ ಎಂಬ ಸೂತ್ರದಂತೆ ಇಡೀ ದೇಶ ನಡೆಯುತ್ತಿರುತ್ತದೆ. ಹುಟ್ಟು, ವಂಶ, ಶಿಫಾರಸು ಯಾವುದೂ ನಡೆಯುವುದಿಲ್ಲ. ಕೇಳಲು ಚೆನ್ನಾಗಿದೆ. ಆದರೆ ಅಲ್ಲಿ ಸೋತವನ ಕೈಯಲ್ಲಿ ಯಾವ ಸಮಾಧಾನವೂ ಉಳಿಯುವುದಿಲ್ಲ. ಹಿಂದಿನ ಕಾಲದ ಜೀತದಾಳು 'ನಾನು ಹುಟ್ಟಿದ್ದು ಇಲ್ಲಿ, ಅದಕ್ಕೇ ಹೀಗಿದ್ದೇನೆ' ಎಂದುಕೊಳ್ಳಬಹುದಿತ್ತು. ಹೊಸ ವ್ಯವಸ್ಥೆಯ ಸೋತವನು 'ಎಲ್ಲ ಅವಕಾಶ ಕೊಟ್ಟರು, ನಾನೇ ದಡ್ಡ' ಎಂದುಕೊಳ್ಳಬೇಕು. ಗೆದ್ದವರೂ ಹಾಗೆಯೇ ನಂಬುತ್ತಾರೆ. ಕೊನೆಗೆ 2034ರಲ್ಲಿ ಜನ ದಂಗೆ ಏಳುತ್ತಾರೆ, ಪ್ರಬಂಧ ಬರೆದವನೇ ಆ ಗಲಭೆಯಲ್ಲಿ ಸಾಯುತ್ತಾನೆ. ಬ್ರಿಟನ್ನಿನ ಪ್ರಧಾನಿ ಟೋನಿ ಬ್ಲೇರ್ ಆ ಪದವನ್ನು ಹೊಗಳಿಕೆಯಾಗಿ ಬಳಸುತ್ತಿದ್ದುದನ್ನು ಕಂಡು, 2001ರಲ್ಲಿ ಮುದುಕ ಯಂಗ್ ಪತ್ರಿಕೆಯಲ್ಲಿ ಬರೆದು ಬೇಸರ ತೋಡಿಕೊಂಡರು. ತಾನು ಎಚ್ಚರಿಕೆಯ ಫಲಕವಾಗಿ ನೆಟ್ಟದ್ದನ್ನು ಜನ ದಾರಿತೋರುವ ಕೈಮರ ಎಂದುಕೊಂಡರೆ ಯಾರಿಗೆ ತಾನೆ ಬೇಸರವಾಗುವುದಿಲ್ಲ?

ಇಲ್ಲಿ ಒಂದು ಮಾತು ಸ್ಪಷ್ಟಪಡಿಸಬೇಕು. ನಾನು ಪರೀಕ್ಷೆ ಬೇಡ ಎನ್ನುತ್ತಿಲ್ಲ. ಪರೀಕ್ಷೆ ಇಲ್ಲದ ಕಡೆ ಏನಿರುತ್ತದೆಂದು ನಮಗೆಲ್ಲ ಗೊತ್ತು. ದುಡ್ಡಿರುತ್ತದೆ, ಚೀಟಿ ಇರುತ್ತದೆ, 'ನಮ್ಮ ಹುಡುಗ' ಇರುತ್ತಾನೆ. ಒಎಂಆರ್ ಹಾಳೆಗೆ ಜಾತಿ ವಾಸನೆ ಗೊತ್ತಾಗುವುದಿಲ್ಲ, ಅದು ಸಣ್ಣ ಸಂಗತಿಯಲ್ಲ. ನನ್ನ ತಕರಾರು ಇರುವುದು ಪರೀಕ್ಷೆಯ ಬಗ್ಗೆ ಅಲ್ಲ, ಅದರ ಫಲಿತಾಂಶಕ್ಕೆ ನಾವು ಹಚ್ಚುವ ಅರ್ಥದ ಬಗ್ಗೆ.

ರಾಲ್ಸ್ ಹೇಳುವುದೂ ಇದನ್ನೇ. ಯಾವ ಮನೆಯಲ್ಲಿ ಹುಟ್ಟುತ್ತೇವೆ ಎಂಬುದು ನಮ್ಮ ಸಾಧನೆಯಲ್ಲ, ಸರಿ. ಯಾವ ಬುದ್ಧಿಶಕ್ತಿಯೊಂದಿಗೆ ಹುಟ್ಟುತ್ತೇವೆ ಎಂಬುದೂ ಅಲ್ಲ. ಅಲ್ಲಿಗೇ ನಿಲ್ಲದೆ ರಾಲ್ಸ್ ಇನ್ನೂ ಒಂದು ಹೆಜ್ಜೆ ಮುಂದೆ ಹೋಗುತ್ತಾರೆ. ಕಷ್ಟಪಡುವ ಗುಣ ಕೂಡ ಬಹುಮಟ್ಟಿಗೆ ಮನೆ, ವಾತಾವರಣ, ಪಾಲನೆಯಿಂದ ಬಂದದ್ದು ಎನ್ನುತ್ತಾರೆ. ಮೊದಲ ಸಲ ಓದಿದಾಗ ಇದು ಸೋಮಾರಿಗಳ ಪರ ವಕಾಲತ್ತು ಅನ್ನಿಸಿತ್ತು. ಆಮೇಲೆ ಅವರ ಬಾಲ್ಯದ ಕಥೆ ತಿಳಿಯಿತು. ರಾಲ್ಸ್ ಚಿಕ್ಕವರಿದ್ದಾಗ ಅವರಿಗೆ ಡಿಫ್ತೀರಿಯಾ ಬಂತು, ಅವರಿಂದ ತಮ್ಮನಿಗೆ ಅಂಟಿತು. ಅವರು ಉಳಿದರು, ತಮ್ಮ ಸತ್ತ. ಮರುವರ್ಷ ನ್ಯುಮೋನಿಯಾ, ಮತ್ತೆ ಅದೇ ಕಥೆ, ಇನ್ನೊಬ್ಬ ತಮ್ಮ. ಉಳಿದದ್ದು ತನ್ನ ಅರ್ಹತೆಯಿಂದ ಎಂದು ಅಂಥ ಮನುಷ್ಯ ಹೇಗೆ ನಂಬಿಯಾನು?

ನಮ್ಮ ಮನೆಯಲ್ಲೂ ಒಂದು ಲೆಕ್ಕವಿದೆ. ನನ್ನ ಅಕ್ಕ ಎಸ್ಸೆಸ್ಸೆಲ್ಸಿಯಲ್ಲಿ ನನಗಿಂತ ನಲವತ್ತೊಂದು ಅಂಕ ಹೆಚ್ಚು ತೆಗೆದಿದ್ದಳು. ಅದೇ ಶಾಲೆ, ಅದೇ ಗಣಿತದ ಮೇಷ್ಟ್ರು. ಆ ವರ್ಷ ಮಳೆ ಕೈಕೊಟ್ಟಿತ್ತು, ಪಿಯು ಕಾಲೇಜು ಇದ್ದದ್ದು ಹದಿನಾಲ್ಕು ಕಿಲೋಮೀಟರ್ ದೂರದಲ್ಲಿ. ಇಬ್ಬರನ್ನೂ ಓದಿಸಲು ಆಗುವುದಿಲ್ಲ ಎಂದು ಅಪ್ಪ ಹೇಳಿದಾಗ, ಯಾರನ್ನು ಬಿಡಿಸಬೇಕು ಎಂಬ ಚರ್ಚೆಯೇ ನಡೆಯಲಿಲ್ಲ. ಅಕ್ಕ ಈಗ ಸರ್ಕಾರಿ ಶಾಲೆಯೊಂದರಲ್ಲಿ ಬಿಸಿಯೂಟದ ಅಡುಗೆ ಮಾಡುತ್ತಾಳೆ. ಸಪ್ತಾಪುರದ ನನ್ನ ರೂಮಿನ ಬಾಡಿಗೆಯಲ್ಲಿ ಅವಳ ಪಾಲೂ ಇತ್ತು. ನಾನು ಒಂದೂಕಾಲು ಅಂಕದಿಂದ ಪಟ್ಟಿಯಾಚೆ ಉಳಿದೆ ಎಂದು ಅಳುತ್ತೇನೆ. ಯಾವ ಪಟ್ಟಿಯ ಆಚೆಯೂ ಅವಳ ಹೆಸರಿಲ್ಲ. ಅವಳಿಗೆ ನೋಂದಣಿ ಸಂಖ್ಯೆಯೇ ಇಲ್ಲ. 'ಕಷ್ಟಪಟ್ಟರೆ ಯಾರು ಬೇಕಾದರೂ' ಎಂಬ ಮಾತಿನ 'ಯಾರು' ಎಂಬಲ್ಲಿ ಅವಳು ಬರುತ್ತಾಳೋ ಇಲ್ಲವೋ, ಗೆಳೆಯನನ್ನು ಕೇಳಬೇಕು ಅನ್ನಿಸಿತು.

ನನಗೆ ನಾಚಿಕೆಯಾದದ್ದು ಇನ್ನೊಂದು ಕಾರಣಕ್ಕೆ. ಇದನ್ನೆಲ್ಲ ಅಮೆರಿಕದ ಪ್ರೊಫೆಸರರಿಂದ ಕಲಿಯಬೇಕಾಗಿಯೇ ಇರಲಿಲ್ಲ. ಅಂಬೇಡ್ಕರರ 'ಜಾತಿ ವಿನಾಶ'ದಲ್ಲಿ ಇದು ಹೆಚ್ಚುಕಡಿಮೆ ಹೀಗೆಯೇ ಇದೆ. 1936ರಲ್ಲಿ ಲಾಹೋರಿನ ಜಾತ್‌ಪಾತ್ ತೋಡಕ್ ಮಂಡಲಕ್ಕೆಂದು ಸಿದ್ಧಪಡಿಸಿದ ಭಾಷಣ ಅದು. ಸಂಘಟಕರು ಹೆದರಿ ಕಾರ್ಯಕ್ರಮ ರದ್ದು ಮಾಡಿದಾಗ ಅಂಬೇಡ್ಕರ್ ಅದನ್ನು ತಾವೇ ಅಚ್ಚು ಹಾಕಿಸಿದರು. ಮನುಷ್ಯನ ಶಕ್ತಿ ಮೂರರಿಂದ ಬರುತ್ತದೆ ಎನ್ನುತ್ತಾರೆ ಅವರು. ಹುಟ್ಟಿನಿಂದ ಬಂದ ದೇಹಗುಣ, ತಂದೆತಾಯಿಯ ಆರೈಕೆ ಮತ್ತು ಶಿಕ್ಷಣದಂಥ ಸಾಮಾಜಿಕ ಆಸ್ತಿ, ಕೊನೆಗೆ ಸ್ವಂತ ಪ್ರಯತ್ನ. ಮೂರರಲ್ಲೂ ಮನುಷ್ಯರು ಅಸಮಾನರೇ, ಅದನ್ನು ಅವರು ಅಲ್ಲಗಳೆಯುವುದಿಲ್ಲ. ಸ್ವಂತ ಪ್ರಯತ್ನಕ್ಕೆ ಬೆಲೆ ಕೊಡೋಣ, ಸರಿ. ಆದರೆ ಮೊದಲೆರಡರ ಅಸಮಾನತೆಯನ್ನು ಹಾಗೆಯೇ ಬಿಟ್ಟು ಓಟ ಶುರುಮಾಡಿದರೆ ಗೆಲ್ಲುವುದು ಸಮರ್ಥರಲ್ಲ, ಹುಟ್ಟು, ಹೆಸರು, ಹಣ ಇದ್ದವರು. ಅದನ್ನು ಸಮರ್ಥರ ಆಯ್ಕೆ ಎಂದು ಕರೆಯುವುದೇ ಸುಳ್ಳು ಎಂಬುದು ಅವರ ವಾದದ ತಿರುಳು. ರಾಲ್ಸ್ ಪುಸ್ತಕಕ್ಕಿಂತ ಮೂವತ್ತೈದು ವರ್ಷ ಮೊದಲು! ನಮ್ಮ ಕೋಚಿಂಗ್ ನೋಟ್ಸ್‌ನಲ್ಲಿ ರಾಲ್ಸ್ 'ಪಾಶ್ಚಾತ್ಯ ರಾಜಕೀಯ ಚಿಂತನೆ'ಯ ಹಾಳೆಯಲ್ಲಿದ್ದರು, ಅಂಬೇಡ್ಕರ್ 'ಸಂವಿಧಾನ ರಚನೆ'ಯ ಹಾಳೆಯಲ್ಲಿದ್ದರು. ಇಬ್ಬರೂ ಒಂದೇ ಪ್ರಶ್ನೆಗೆ ಉತ್ತರ ಹೇಳುತ್ತಿದ್ದಾರೆಂದು ಯಾರೂ ನಮಗೆ ಹೇಳಿಕೊಡಲಿಲ್ಲ.

ಮೀಸಲಾತಿಯ ಮಾತು ಬಂದಾಗ ರೂಮಿನಲ್ಲಿ 'ಮೆರಿಟ್ ಸತ್ತುಹೋಗುತ್ತದೆ' ಎನ್ನುವ ಗೆಳೆಯರಿದ್ದರು. ಈ ವಾದಕ್ಕೆ ಕರ್ನಾಟಕದಲ್ಲಿ ನೂರು ವರ್ಷ ದಾಟಿದೆ. ಮೈಸೂರು ಸಂಸ್ಥಾನದ ಸರ್ಕಾರಿ ನೌಕರಿಗಳಲ್ಲಿ ಒಂದೇ ಸಮುದಾಯದವರು ತುಂಬಿದ್ದಾರೆಂಬ ದೂರು ಬಂದಾಗ, 1918ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರ್ ಸರ್ ಲೆಸ್ಲಿ ಮಿಲ್ಲರ್ ಅವರ ನೇತೃತ್ವದಲ್ಲಿ ಸಮಿತಿ ನೇಮಿಸಿದರು. ಹಿಂದುಳಿದವರಿಗೆ ನೌಕರಿಯಲ್ಲಿ ಪಾಲು ಕೊಡಬೇಕೆಂದು ಸಮಿತಿ ಹೇಳಿತು. ದಿವಾನರಾಗಿದ್ದ ಸರ್ ಎಂ. ವಿಶ್ವೇಶ್ವರಯ್ಯನವರಿಗೆ ಈ ದಾರಿ ಒಪ್ಪಿಗೆಯಾಗಿರಲಿಲ್ಲ. ಇಬ್ಬರ ಬಗ್ಗೆಯೂ ನನಗೆ ಗೌರವವಿದೆ, ಆದರೆ ಈ ವಿಷಯದಲ್ಲಿ ನಾನು ಮಹಾರಾಜರ ಪಕ್ಷ. ಹಾಗೆಂದು ಮೀಸಲಾತಿಯೊಂದೇ ಎಲ್ಲ ಲೆಕ್ಕ ಚುಕ್ತಾ ಮಾಡುತ್ತದೆ ಎಂದೂ ಹೇಳಲಾರೆ. ನನ್ನದೇ ವರ್ಗದಲ್ಲಿ ನನ್ನೊಂದಿಗೆ ಪರೀಕ್ಷೆ ಬರೆದ, ಮನೆಯಲ್ಲೇ ಎಸಿ ಓದುಕೋಣೆ ಇರುವ ಹುಡುಗನೂ ಇದ್ದಾನೆ, ಒಂಬತ್ತನೇ ತರಗತಿಗೇ ಶಾಲೆ ಬಿಟ್ಟ ನನ್ನ ದೊಡ್ಡಪ್ಪನ ಮಗನೂ ಇದ್ದಾನೆ.

ಹಾರ್ವರ್ಡಿನ ಮೈಕೆಲ್ ಸ್ಯಾಂಡೆಲ್ 2020ರಲ್ಲಿ ಬರೆದ 'ದಿ ಟಿರನಿ ಆಫ್ ಮೆರಿಟ್' ಪುಸ್ತಕದಲ್ಲಿ ಒಂದು ವಿಚಿತ್ರ ಸಲಹೆ ಕೊಡುತ್ತಾರೆ. ಹಾರ್ವರ್ಡ್‌ನಂಥ ವಿಶ್ವವಿದ್ಯಾಲಯಗಳು ತೀರಾ ಅರ್ಹರಲ್ಲದವರನ್ನು ಮೊದಲು ಬೇರ್ಪಡಿಸಲಿ, ಉಳಿದ ಸಾವಿರಾರು ಅರ್ಹರಲ್ಲಿ ಚೀಟಿ ಎತ್ತಲಿ ಎನ್ನುತ್ತಾರೆ. ಸೀಟು ಸಿಕ್ಕವನಿಗೆ ಅದೃಷ್ಟದ ಅರಿವಿರುತ್ತದೆ, ಸಿಗದವನಿಗೆ ಅವಮಾನ ಇರುವುದಿಲ್ಲ. ನಗಬೇಡಿ. ಆರ್‌ಟಿಇ ಅಡಿ ಖಾಸಗಿ ಶಾಲೆಯ ಸೀಟುಗಳನ್ನು ನಮ್ಮಲ್ಲಿ ಹಂಚಿದ್ದೂ ಲಾಟರಿಯಿಂದಲೇ. ನಮ್ಮ ಓಣಿಯ ಮಗುವೊಂದಕ್ಕೆ ಹಾಗೆ ಸೀಟು ಬಂದಾಗ ಅವರಪ್ಪ ಓಣಿಗೆಲ್ಲ ಪೇಡೆ ಹಂಚಿದ. 'ನನ್ನ ಮಗ ಜಾಣ' ಎನ್ನಲಿಲ್ಲ, 'ದೇವರು ಕಣ್ಣು ತೆರೆದ' ಎಂದ. ಸೀಟು ಸಿಗದ ಮಕ್ಕಳನ್ನು ಯಾರೂ ದಡ್ಡರು ಎನ್ನಲಿಲ್ಲ. ಸರ್ಕಾರಿ ನೌಕರಿಗೆ ಚೀಟಿ ಎತ್ತಬೇಕೆಂದು ನಾನು ಹೇಳುತ್ತಿಲ್ಲ, ಚೀಟಿ ಎತ್ತುವವರ ಕೈ ಮೇಲೆ ನನಗೆ ಅಷ್ಟು ನಂಬಿಕೆ ಇಲ್ಲ. ಆದರೆ ನನ್ನ ಒಂದೂಕಾಲು ಅಂಕದೊಳಗೆ ಒಂದು ಚೀಟಿ ಅಡಗಿತ್ತು ಎಂಬುದನ್ನಾದರೂ ಒಪ್ಪಿಕೊಳ್ಳೋಣ.

ರಾಬರ್ಟ್ ನೋಜಿಕ್ ಇದಕ್ಕೆ 1974ರಲ್ಲೇ ಎದುರುವಾದ ಹೂಡಿದ್ದರು. ಬ್ಯಾಸ್ಕೆಟ್‌ಬಾಲ್ ಆಟಗಾರ ವಿಲ್ಟ್ ಚೇಂಬರ್ಲಿನ್ ಆಟ ನೋಡಲು ಜನ ಖುಷಿಯಿಂದ ದುಡ್ಡು ಕೊಟ್ಟರೆ, ಅವನು ಶ್ರೀಮಂತನಾಗುವುದರಲ್ಲಿ ಅನ್ಯಾಯ ಎಲ್ಲಿದೆ ಎಂದು ಕೇಳಿದರು. ಒಳ್ಳೆಯ ಪ್ರಶ್ನೆ. ಗೆಳೆಯನ ಸಂಬಳದ ಬಗ್ಗೆ ನನಗೂ ತಕರಾರಿಲ್ಲ. ಅವನು ಓದಿದ, ಪಾಸಾದ, ತಗೊಳ್ಳಲಿ. ಚೇಂಬರ್ಲಿನ್ ಎಷ್ಟು ಗಳಿಸಿದ ಎಂಬುದಕ್ಕಿಂತ, ಅವನ ಎದುರು ಉಳಿದವರು ಕೈಕಟ್ಟಿ ನಿಲ್ಲಬೇಕಾಯಿತೇ ಎಂಬುದು ನನ್ನ ಪ್ರಶ್ನೆ.

ಈ ಪ್ರಶ್ನೆಗೆ ಹತ್ತಿರ ಬಂದವರು ಎಲಿಜಬೆತ್ ಆಂಡರ್ಸನ್. ಮಿಷಿಗನ್ ವಿಶ್ವವಿದ್ಯಾಲಯದ ಈ ತತ್ವಶಾಸ್ತ್ರಜ್ಞೆ 1999ರಲ್ಲಿ ಬರೆದ ಪ್ರಬಂಧದ ಹೆಸರೇ 'ಸಮಾನತೆ ಯಾತಕ್ಕಾಗಿ?' ಎಂಬರ್ಥದ್ದು. ದುರದೃಷ್ಟಕ್ಕೆ ಪರಿಹಾರ ಕೊಡುವುದೇ ಸಮಾನತೆ ಎಂದು ವಾದಿಸುವವರನ್ನು ಅವರು ಚೆನ್ನಾಗಿ ಗೇಲಿ ಮಾಡುತ್ತಾರೆ. ಸರ್ಕಾರದ 'ಸಮಾನತಾ ಮಂಡಳಿ'ಯೊಂದು ನಾಗರಿಕರಿಗೆ ಪತ್ರ ಬರೆದು, 'ನೀವು ದಡ್ಡರಾಗಿ ಹುಟ್ಟಿದ್ದಕ್ಕೆ ನಮಗೆ ವಿಷಾದವಿದೆ, ಇಗೋ ಪರಿಹಾರದ ಚೆಕ್' ಎಂಬ ಧಾಟಿಯಲ್ಲಿ ಹೇಳಿದರೆ ಹೇಗಿರುತ್ತದೆ? ಹಣ ಸಿಕ್ಕಿತು, ಮರ್ಯಾದೆ ಹೋಯಿತು. ಸಮಾನತೆ ಎಂದರೆ ವಸ್ತುಗಳ ಹಂಚಿಕೆ ಮಾತ್ರ ಅಲ್ಲ, ಮನುಷ್ಯರು ಒಬ್ಬರೆದುರು ಒಬ್ಬರು ಹೇಗೆ ನಿಲ್ಲುತ್ತಾರೆ ಎಂಬುದು ಎನ್ನುತ್ತಾರೆ ಆಂಡರ್ಸನ್. ಪ್ರಜಾಪ್ರಭುತ್ವ ಬರೀ ಸರ್ಕಾರದ ಒಂದು ರೂಪವಲ್ಲ, ಕೂಡಿ ಬಾಳುವ ರೀತಿ ಎಂದು ಅಂಬೇಡ್ಕರರೂ ಹೇಳಿದ್ದರು.

ಇದು ನನಗೆ ಅರ್ಥವಾದದ್ದು ಪುಸ್ತಕದಿಂದಲ್ಲ, ಕೌಂಟರಿನ ಹಿಂದೆ ಕುಳಿತು. ಪರೀಕ್ಷೆಗಳ ನಡುವೆ ಎಂಟು ತಿಂಗಳು ಒಂದು ಸರ್ಕಾರಿ ಕಚೇರಿಯಲ್ಲಿ ಹೊರಗುತ್ತಿಗೆಯ ಡೇಟಾ ಎಂಟ್ರಿ ಆಪರೇಟರ್ ಆಗಿದ್ದೆ. 2023ರ ಸೆಪ್ಟೆಂಬರ್ 15ರಂದು ರಾಜ್ಯದಾದ್ಯಂತ ಸಂವಿಧಾನದ ಪೀಠಿಕೆ ಓದಿಸಿದರಲ್ಲ, ಆ ದಿನ ನಮ್ಮ ಕಚೇರಿಯ ಅಂಗಳದಲ್ಲೂ ಎಲ್ಲರೂ ಸಾಲಾಗಿ ನಿಂತು ಓದಿದೆವು. ನನ್ನ ದನಿಯೇ ಎಲ್ಲರಿಗಿಂತ ಜೋರಾಗಿತ್ತು. ಅದಾದ ಕೆಲವೇ ದಿನಕ್ಕೆ ಒಬ್ಬ ಅಜ್ಜ ಆದಾಯ ಪ್ರಮಾಣಪತ್ರಕ್ಕೆ ಬಂದ. ಪಡಿತರ ಚೀಟಿಯ ಜೆರಾಕ್ಸ್ ತಂದಿರಲಿಲ್ಲ. ಸರ್ವರ್ ಬೇರೆ ಕೈಕೊಟ್ಟಿತ್ತು, ಹಿಂದೆ ಉದ್ದ ಸಾಲು. 'ಎಷ್ಟ್ ಸಲ ಹೇಳಬೇಕೋ ನಿನಗ? ತಲಿ ಐತೋ ಇಲ್ಲೋ?' ಎಂದು ಒದರಿಬಿಟ್ಟೆ. ನನ್ನ ಅಜ್ಜನ ವಯಸ್ಸಿನವನು. ಅವನು ಸಿಟ್ಟಾಗಲಿಲ್ಲ. ಸಿಟ್ಟಾಗಿದ್ದರೆ ಇಷ್ಟು ದಿನ ನೆನಪಿರುತ್ತಿರಲಿಲ್ಲ. ಚಪ್ಪಲಿಯನ್ನು ಹೊರಗೆ ಬಿಟ್ಟು ಬಂದಿದ್ದ ಅವನು ಎರಡೂ ಕೈ ಜೋಡಿಸಿ 'ತಪ್ಪಾತ್ರೀ ಸಾಹೇಬ್ರ' ಎಂದ. ದಿನಗೂಲಿಯ ಲೆಕ್ಕದಲ್ಲಿ ಸಂಬಳ ಪಡೆಯುತ್ತಿದ್ದ ನನ್ನನ್ನು ಸಾಹೇಬ ಎಂದ. ನಿಜ ಹೇಳುತ್ತೇನೆ, ಆ ಕ್ಷಣ ನನಗೆ ಹಿತವಾಗಿಯೇ ಇತ್ತು. ನಾಚಿಕೆ ಬಂದದ್ದು ಸಂಜೆ, ಬಸ್ಸಿನಲ್ಲಿ.

ನಮ್ಮಲ್ಲಿ ಸಕಾಲ ಕಾಯ್ದೆ ಬಂದದ್ದು 2011ರಲ್ಲಿ. ಇಂತಿಷ್ಟು ದಿನದೊಳಗೆ ಅರ್ಜಿ ವಿಲೇವಾರಿ ಆಗಬೇಕು, ತಡವಾದರೆ ದಿನಕ್ಕೆ 20 ರೂಪಾಯಿಯಂತೆ ಪರಿಹಾರ ಕೇಳಬಹುದು. ಒಳ್ಳೆಯ ಕಾಯ್ದೆ, ಅದರಿಂದ ಎಷ್ಟೋ ಜನರಿಗೆ ಅಲೆದಾಟ ತಪ್ಪಿದೆ. ಆದರೆ ಅಜ್ಜನಿಗೆ ಅದು ದಿನಾಂಕ ಕೊಟ್ಟಿತು, ಕುರ್ಚಿ ಕೊಡಲಿಲ್ಲ. ಕೌಂಟರಿನ ಈಚೆ ಕುರ್ಚಿ, ಫ್ಯಾನು, ನೀರಿನ ಬಾಟಲಿ. ಆಚೆ ಬಿಸಿಲು.

ಆ ಪೀಠಿಕೆಯನ್ನು ಈಗ ನಿಧಾನವಾಗಿ ಓದಿ ನೋಡಿ. ಸಮಾನತೆ ಎಂಬಲ್ಲಿ ಎರಡು ಪದಗಳಿವೆ, ಸ್ಥಾನಮಾನ ಮತ್ತು ಅವಕಾಶ. ಸ್ಥಾನಮಾನ ಮೊದಲು ಬರುತ್ತದೆ. ಸ್ಪರ್ಧಾತ್ಮಕ ಪರೀಕ್ಷೆಗೆ ಓದುವ ನಾವು ಎರಡನೆಯದನ್ನು ಮಾತ್ರ ಗಟ್ಟಿ ಮಾಡಿಕೊಂಡಿದ್ದೇವೆ. 16ನೇ ವಿಧಿ, ಸರ್ಕಾರಿ ನೌಕರಿಯಲ್ಲಿ ಸಮಾನ ಅವಕಾಶ, ನಾಲ್ಕು ಆಯ್ಕೆಯಲ್ಲಿ ಸರಿಯಾದುದನ್ನು ಗುರುತಿಸಿ. ಎಲ್ಲರಿಗೂ ಸಮನಾದ ಸ್ಥಾನಮಾನ ಇಲ್ಲದಿದ್ದಾಗ, ಸ್ಥಾನಮಾನ ಇರುವ ಕೆಲವೇ ಕುರ್ಚಿಗಳಿಗೆ ನುಗ್ಗಲು ಎಲ್ಲರಿಗೂ ಇರುವ ಹಕ್ಕನ್ನೇ ನಾವು ಸಮಾನತೆ ಎಂದು ಕರೆಯತೊಡಗಿದ್ದೇವೆ.

ನಾನು ಸರ್ಕಾರಿ ನೌಕರಿಗೆ ಓದಬೇಕೆಂದು ಅವ್ವ ಹಟ ಹಿಡಿದದ್ದು ಸಂಬಳಕ್ಕಲ್ಲ. ಅಪ್ಪ ತೀರಿಹೋದ ಮೇಲೆ ಹೊಲದ ಖಾತೆ ಬದಲಾವಣೆಗೆಂದು ಅವಳು ಹನ್ನೊಂದು ಸಲ ಕಚೇರಿಗೆ ಅಲೆದಿದ್ದಳು. 'ನಮ್ಮ ಮನಿಯಾಗ ಒಬ್ಬರರ ಆ ಕುರ್ಚಿ ಮ್ಯಾಲೆ ಕುಂದ್ರಬೇಕು' ಎಂದು ಅಂದಿದ್ದಳು. ಸಪ್ತಾಪುರದ ರೂಮುಗಳಲ್ಲಿ ಇರುವ ಸಾವಿರಾರು ಹುಡುಗ ಹುಡುಗಿಯರನ್ನು ಕೇಳಿ. ಭದ್ರತೆ, ಸೇವೆ, ಕನಸು ಎಂದೆಲ್ಲ ಮೊದಲು ಹೇಳುತ್ತಾರೆ. ಚಹಾ ಕುಡಿಸಿ ಇನ್ನೊಮ್ಮೆ ಕೇಳಿದರೆ ಇಂಥದ್ದೇ ಒಂದು ಕಥೆ ಹೊರಬರುತ್ತದೆ. ಕೌಂಟರಿನ ಆಚೆ ನಿಂತವನಿಗೂ ಮರ್ಯಾದೆ ಸಿಗುವ ಊರು ಇದಾಗಿದ್ದರೆ, ನಮ್ಮಲ್ಲಿ ಅರ್ಧಕ್ಕರ್ಧ ಜನ ಬೇರೆ ಏನಾದರೂ ಮಾಡಿಕೊಂಡು ನೆಮ್ಮದಿಯಾಗಿ ಇರುತ್ತಿದ್ದೆವು ಎಂಬುದು ನನ್ನ ಊಹೆ. ಲೆಕ್ಕ ಹಾಕಿ ಹೇಳುತ್ತಿಲ್ಲ, ಮೂರು ವರ್ಷ ಅವರೊಂದಿಗೆ ಮಲಗಿ ಎದ್ದ ಅನುಭವದಿಂದ ಹೇಳುತ್ತಿದ್ದೇನೆ.

1949ರ ನವೆಂಬರ್ 25ರಂದು ಸಂವಿಧಾನ ಸಭೆಯಲ್ಲಿ ಮಾಡಿದ ಭಾಷಣದಲ್ಲಿ ಅಂಬೇಡ್ಕರ್, ಮುಂದಿನ ಜನವರಿ 26ಕ್ಕೆ ನಾವು ವೈರುಧ್ಯದ ಬದುಕಿಗೆ ಕಾಲಿಡುತ್ತಿದ್ದೇವೆ ಎಂದಿದ್ದರು. ಮತಪೆಟ್ಟಿಗೆಯ ಮುಂದೆ ಎಲ್ಲರೂ ಒಂದೇ, ಸಾಮಾಜಿಕ ಮತ್ತು ಆರ್ಥಿಕ ಬದುಕಿನಲ್ಲಿ ಅಲ್ಲ. ನನ್ನ ಪಾಲಿಗೆ ಆ ವೈರುಧ್ಯದ ಮುಖ ಎಂದರೆ ಆ ಅಜ್ಜ. ಚುನಾವಣೆಯ ದಿನ ಮತಗಟ್ಟೆಯಲ್ಲಿ ನನ್ನ ಹಿಂದೆಯೋ ಮುಂದೆಯೋ ನಿಂತು ನನ್ನಷ್ಟೇ ತೂಕದ ಒಂದು ಮತ ಹಾಕಿದವನು, ಉಳಿದ ದಿನ ನನ್ನೆದುರು ಚಪ್ಪಲಿ ಬಿಟ್ಟು ನಿಂತಿದ್ದ.

ಸನ್ಮಾನದ ಮರುದಿನ ಗೆಳೆಯ ನಮ್ಮ ಮನೆಗೆ ಊಟಕ್ಕೆ ಬಂದ. ಅಕ್ಕನೂ ಬಂದಿದ್ದಳು, ರೊಟ್ಟಿ ಬಡಿಯುತ್ತಿದ್ದಳು. ಊಟ ಮುಗಿಸಿ ಕಟ್ಟೆಯ ಮೇಲೆ ಕುಳಿತಾಗ ನನ್ನ ಮನಸ್ಸಿನಲ್ಲಿದ್ದುದನ್ನೆಲ್ಲ ಹೇಳಿದೆ. ಯಂಗ್, ರಾಲ್ಸ್ ಯಾರ ಹೆಸರನ್ನೂ ಎತ್ತಲಿಲ್ಲ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, 'ಹಂಗಾದ್ರ ನಾ ಏನ್ ಹೇಳಬೇಕಿತ್ತಲೇ? ಓದಬ್ಯಾಡ್ರಿ, ಲಕ್ ಇದ್ರ ಆಗತೈತಿ ಅನ್ನಬೇಕಿತ್ತೇನು?' ಎಂದು ಕೇಳಿದ. ನ್ಯಾಯವಾದ ಪ್ರಶ್ನೆಯೇ. ಮೈದಾನದಲ್ಲಿ ಕುಳಿತಿದ್ದ ಹೈಸ್ಕೂಲು ಮಕ್ಕಳಿಗೆ ಬೇರೇನು ಹೇಳಬಹುದಿತ್ತು ಎಂದು ನನಗೂ ತಕ್ಷಣ ಹೊಳೆಯಲಿಲ್ಲ. ಕೊನೆಗೆ, 'ನಿಮ್ಮಣ್ಣನ ಹೆಸರು ಹೇಳಬೇಕಿತ್ತು' ಎಂದೆ. ಅವನ ಅಣ್ಣ ಡಿಗ್ರಿ ಅರ್ಧಕ್ಕೆ ಬಿಟ್ಟು ಟಂಟಂ ಓಡಿಸುತ್ತಾನೆ. ಮೂರು ವರ್ಷ ತಿಂಗಳ ಐದನೇ ತಾರೀಖಿಗೆ ತಪ್ಪದೆ ಅವನಿಂದ ಫೋನ್‌ಪೇ ಬರುತ್ತಿತ್ತು. ಸನ್ಮಾನದ ದಿನ ಅಣ್ಣ ವೇದಿಕೆಯ ಮೇಲಿರಲಿಲ್ಲ, ಅತಿಥಿಗಳನ್ನು ಬಸ್ ಸ್ಟ್ಯಾಂಡಿನಿಂದ ಕರೆತರುತ್ತಿದ್ದ. ಗೆಳೆಯ ಮಾತಾಡಲಿಲ್ಲ. ಕಟ್ಟೆಯ ಮಣ್ಣಿನಲ್ಲಿ ಕಡ್ಡಿಯಿಂದ ಗೆರೆ ಎಳೆಯುತ್ತ ಕುಳಿತ.

ಮುಂದಿನ ವಾರ ಅವನು ತರಬೇತಿಗೆ ಹೋಗುತ್ತಾನೆ. ನಾನು ಮುಂದಿನ ಅಧಿಸೂಚನೆಗೆ ಅರ್ಜಿ ಹಾಕಿದ್ದೇನೆ, ವಯೋಮಿತಿ ಇನ್ನೂ ಎರಡು ವರ್ಷ ಇದೆ. ಹೊರಡುವಾಗ ಅವನಿಗೆ ಒಂದು ಮಾತು ಹೇಳಿದೆ. ನೀನು ಯಾವ ಕಚೇರಿಗೆ ಹೋದರೂ ಕೌಂಟರಿನ ಆಚೆ ಎರಡು ಕುರ್ಚಿ ಹಾಕಿಸು, ದುಡ್ಡು ಬೇಕಾದರೆ ನಾನೂ ಕೊಡುತ್ತೇನೆ. ಅವನು ನಕ್ಕ. ಹೂಂ ಅನ್ನಲಿಲ್ಲ, ಊಹೂಂ ಅಂತಲೂ ಅನ್ನಲಿಲ್ಲ.